ಮುಳ್ಳು ಕಟ್ಟಿದ ಮನೆಗಳು

ಹಿಂದೂಪುರ ಸ್ಟೇಷನ್

ಸೀಮೆಗೆ, ಅಂದರೆ ಇಂಗ್ಲೆಂಡಿಗೆ, ಹೋಗಿ ಬಂದವನನ್ನು ನಮ್ಮ ಕಡೆ ಜನ ಊಟಕ್ಕೇನು ಮಾಡಿದೆ, ಚಳಿ ಹೇಗೆ ತಡೆದೆ, ರಾಣಿಯನ್ನು ನೋಡಿದೆಯಾ ಎಂದು ಕೇಳುತ್ತಾರೆ. ಊಟಕ್ಕೆ ಆಲೂಗಡ್ಡೆ, ಚಳಿಗೆ ಎರಡು ಕಂಬಳಿ, ರಾಣಿಯನ್ನು ನೋಡಲಿಲ್ಲ. ಅದು ಮುಗಿಯಿತು. ಇನ್ನು ನಾನು ಹೇಳಬೇಕಾದ್ದನ್ನು ಹೇಳುತ್ತೇನೆ. ಯಾರೂ ಕೇಳಿಲ್ಲವಾದ್ದರಿಂದ ಬರೆದೇ ಹೇಳಬೇಕಾಗಿದೆ.

ನಾನು ಆಗ ಕಲ್ಯಾಣದುರ್ಗದ ಬ್ಲಾಕ್ ಆಫೀಸಿನಲ್ಲಿ ಪ್ರೋಗ್ರೆಸ್ ಅಸಿಸ್ಟೆಂಟ್. ಪ್ರೋಗ್ರೆಸ್ ಆಗಲಿ ಬಿಡಲಿ, ಅದನ್ನು ಪಟ್ಟಿ ಮಾಡಿ ಮೇಲಕ್ಕೆ ಕಳಿಸುವುದು ನನ್ನ ಕೆಲಸ. ಯಾವ ಹಳ್ಳಿಯಲ್ಲಿ ಎಷ್ಟು ಜನ, ಎಷ್ಟು ಬಾವಿ, ಶಾಲೆ ಎಲ್ಲಿ ಬೇಕು, ಆಸ್ಪತ್ರೆ ಎಲ್ಲಿ ಬೇಕು ಎಂದು ನಾನು ಸುತ್ತಿ ಬರೆದದ್ದನ್ನು ನೋಡಿ ಮೇಲಿನವರು ತೀರ್ಮಾನ ಮಾಡುತ್ತಿದ್ದರು. ಮೈಯೆಲ್ಲ ಧೂಳಾದರೂ ನನ್ನ ಪಟ್ಟಿಯ ಮೇಲೆ ಒಂದು ಶಾಯಿ ಚುಕ್ಕಿ ಬಿದ್ದದ್ದಿಲ್ಲ. ಅಡ್ಡ ಕೂಡಿದರೂ ಉದ್ದ ಕೂಡಿದರೂ ಒಂದೇ ಮೊತ್ತ ಬರುತ್ತಿತ್ತು. ಅದೇ ನನ್ನ ಕೆಟ್ಟ ಹೆಮ್ಮೆ.

ಆ ವರ್ಷ ಕಂಬದೂರಿನ ಕಡೆಗೆ ಒಂದು ಹೆರಿಗೆ ಕೇಂದ್ರ ಮಂಜೂರಾಗಿತ್ತು. ಒಂದು ಕಟ್ಟಡ, ಅಲ್ಲೇ ವಾಸವಿರುವ ಒಬ್ಬ ನರ್ಸಮ್ಮ. ಎರಡು ಊರು ಕೇಳುತ್ತಿದ್ದವು. ಒಂದು ಬಸ್ಸು ನಿಲ್ಲುವ ರೋಡಿನ ಊರು. ಇನ್ನೊಂದು ಹಳ್ಳದಾಚೆ ಎರಡು ಹರದಾರಿ ಒಳಗಿದ್ದ ಕುರಿಯವರ ಹಟ್ಟಿ. ಹೆಸರು ಬರೆಯುವುದಿಲ್ಲ, ಅಲ್ಲಿಯವರು ಇನ್ನೂ ಇದ್ದಾರೆ. ಯಾವುದರಲ್ಲಿ ಜನ ಹೆಚ್ಚೋ ಅಲ್ಲಿಗೆ ಕೇಂದ್ರ ಎಂದು ಹುಕುಂ ಬಂತು. ಎಣಿಸುವವನು ನಾನು.

ಮಾರ್ಚ್ ತಿಂಗಳಲ್ಲಿ ಹೋದೆ. ರೋಡಿನ ಊರನ್ನು ಬೆಳಿಗ್ಗೆಯೇ ಮುಗಿಸಿ ಹಟ್ಟಿಗೆ ಹೋದಾಗ ನೆತ್ತಿ ಸುಡುವ ಹೊತ್ತು. ಅರ್ಧಕ್ಕೂ ಹೆಚ್ಚು ಮನೆಗಳ ಬಾಗಿಲಿಗೆ ಜಾಲಿಮುಳ್ಳಿನ ಕೊಂಬೆ ಅಡ್ಡ ಕಟ್ಟಿತ್ತು. ನಾನು ಹಿಂದೂಪುರದ ಮಂಡಿ ಬೀದಿಯಲ್ಲಿ ಹುಟ್ಟಿ ಬೆಳೆದವನು. ನಮ್ಮಲ್ಲಿ ಮನೆ ಬಿಟ್ಟು ಹೋದರೆ ಬೀಗ ಹಾಕುತ್ತಾರೆ, ಮುಳ್ಳು ಹಾಕುವುದು ಪಾಳು ಬಿದ್ದ ಗೋಡೆಗೆ. ಬೀಗದ ಬದಲು ಮುಳ್ಳಿದ್ದರೆ ಅದು ಜನ ಬಿಟ್ಟ ಮನೆ ಎಂದು ಕಲಿತವನು ಮುಳ್ಳು ಕಂಡ ಕಡೆಯೆಲ್ಲ 'ವಾಸವಿಲ್ಲ' ಎಂದು ಬರೆಯುತ್ತ ಹೋದೆ.

ಜಗಲಿಯ ಮೇಲೆ ಉಣ್ಣೆ ನೂಲುತ್ತ ಕೂತಿದ್ದ ಒಬ್ಬಳು ಮುದುಕಿ, ಕೆಂಚಮ್ಮ ಅಂತ, ನನ್ನನ್ನೇ ನೋಡುತ್ತಿದ್ದಳು.

"ಏನ್ ಬರ್ಕಂತಿದ್ದೀಯಾ ಸ್ವಾಮಿ, ಜನ ಇಲ್ದಿದ್ದಾಗ ಬಂದು?" ಅಂದಳು.

"ಜನ ಇಲ್ಲ ಅಂತಾನೇ ಬರೀತಿರೋದು ಕಣಮ್ಮ" ಅಂದೆ. ಎಂಥಾ ಚಾಲಾಕಿ ಮಾತು ಆಡಿದೆನಪ್ಪ ಎಂದು ನನ್ನಷ್ಟಕ್ಕೆ ನಾನೇ ನಕ್ಕೆ.

"ಕುರಿ ಹಿಂದೆ ಹೋಗವ್ರೆ. ಮಳೆ ಬಿದ್ರೆ ಬತ್ತಾರೆ" ಅಂದಳು. ಕೇಳಿಸಿತು. ಕೇಳಿಸಲಿಲ್ಲ ಎಂದು ಇಷ್ಟು ವರ್ಷವಾದ ಮೇಲೆ ಸುಳ್ಳು ಹೇಳುವುದಿಲ್ಲ. ಆದರೆ ನನ್ನ ಫಾರಂನಲ್ಲಿ ಮಳೆಗೆ ಕಾಲಂ ಇರಲಿಲ್ಲ. ಕಂಬದೂರಿನ ಬಸ್ಸು ಬೇರೆ ತಪ್ಪುತ್ತಿತ್ತು.

ರೋಡಿನ ಊರು ಗೆದ್ದಿತು. ಆ ವರದಿ ಅಚ್ಚುಕಟ್ಟಾಗಿದೆಯೆಂದು ಜಿಲ್ಲೆಗೆ ಹೋಯಿತು, ಜಿಲ್ಲೆಯಿಂದ ರಾಜಧಾನಿಗೆ ಹೋಯಿತು. 'ಸರ್ಕಾರಗಳು ತೀರ್ಮಾನ ಮಾಡುವ ಬಗೆ'ಯನ್ನು ಕಲಿಯಲು ಸೀಮೆಗೆ ಕಳಿಸುವ ನೌಕರರ ಪಟ್ಟಿಯಲ್ಲಿ ನನ್ನ ಹೆಸರೂ ಬಂತು. ಒಂದು ತಪ್ಪು ಎಣಿಕೆಯಿಂದ ಅಷ್ಟು ದೂರ ಹೋದವನು ನಮ್ಮ ಕಡೆ ನಾನೊಬ್ಬನೇ ಇರಬೇಕು.

ಹೊರಟ ದಿನ ಸ್ಟೇಷನ್ನಿಗೆ ಅರ್ಧ ಮಂಡಿಯೇ ಬಂದಿತ್ತು. ಅಪ್ಪ ಎಲ್ಲರಿಗೂ ಸಕ್ಕರೆ ಹಂಚಿದರು.

"ನಮ್ಮ ಹುಡ್ಗ ಸರ್ಕಾರ ಹೆಂಗೆ ನಡೆಸ್ಬೇಕು ಅಂತ ಕಲ್ಯಕ್ಕೆ ಹೊಂಟವ್ನೆ" ಎಂದು ಸ್ಟೇಷನ್ ಮಾಸ್ಟರಿಗೂ ಹೇಳಿದರು.

ಪರಿಗಿಯಿಂದ ಬೆಲ್ಲ ತಂದಿದ್ದ ರೈತನೊಬ್ಬ, "ಅವ್ರು ನಮ್ಮನ್ನ ಬುಟ್ಟು ಹೋಗಿ ಇನ್ನೂ ನೆಟ್ಟಗೆ ಹತ್ತು ವರ್ಸ ಆಗಿಲ್ಲ, ಆಗ್ಲೇ ಅವ್ರ ಮನೆ ಬಾಗ್ಲಿಗೆ ಪಾಠಕ್ಕೆ ಹೋಯ್ತಾ ಇದ್ದೀರಲ್ಲ ಸಾಮಿ" ಎಂದ. ಅಪ್ಪ ಅವನಿಗೆ ಸಕ್ಕರೆ ಕೊಡಲಿಲ್ಲ.

ಹಡಗು

ಗುಂತಕಲ್ಲಿನಲ್ಲಿ ಗಾಡಿ ಬದಲಿಸಿ ಬೊಂಬಾಯಿಗೆ ಹೋಗಿ ಹಡಗು ಹತ್ತಿದೆ. ನಮ್ಮದು ಲಿಂಗಾಯತರ ಮನೆ. ಏಡನ್ ತನಕ ಬ್ರೆಡ್ಡು, ಬಾಳೆಹಣ್ಣು, ಅವ್ವ ಕಟ್ಟಿಕೊಟ್ಟ ಚಟ್ನಿಪುಡಿ ಇಷ್ಟರಲ್ಲೇ ಬದುಕಿದೆ. ಚಟ್ನಿಪುಡಿ ಖಾಲಿಯಾದ ದಿನ ಬಡಿಸುವವನು ಬಹಳ ಮರ್ಯಾದೆಯಿಂದ "ಬರೀ ತರಕಾರಿ ಸಾರು" ಎಂದು ತಂದಿಟ್ಟ. ಎರಡು ಚಮಚ ಕುಡಿದ ಮೇಲೆ ತಳದಲ್ಲಿ ಮೂಳೆ ಸಿಕ್ಕಿತು. ತೋರಿಸಿದೆ. ಅವನು ಅದನ್ನೊಂದು ಚಮಚದಿಂದ ಎತ್ತಿ ಆಚೆ ಹಾಕಿ, "ಈಗ ಬರೀ ತರಕಾರಿಯೇ" ಎಂದ.

ಆಗ ಸಿಟ್ಟು ಬಂದಿತ್ತು. ಈಗ ನೋಡಿದರೆ ನಾನು ಆಮೇಲೆ ಕಂಡ ಆಫೀಸುಗಳೆಲ್ಲ ಹಾಗೇ ಕೆಲಸ ಮಾಡುತ್ತಿದ್ದವು, ನಮ್ಮದನ್ನೂ ಸೇರಿಸಿ. ದೂರು ಬಂದರೆ ಮೂಳೆ ಎತ್ತಿ ಆಚೆ ಹಾಕುತ್ತೇವೆ. ಸಾರನ್ನು ಯಾರೂ ಚೆಲ್ಲುವುದಿಲ್ಲ.

ಲಂಡನ್

ನನ್ನನ್ನು ಇಳಿಸಿದ್ದು ಒಬ್ಬ ವಿಧವೆಯ ಮನೆಯಲ್ಲಿ. ಒಳ್ಳೆಯ ಹೆಂಗಸು. ನಾನು ಬೆಳಿಗ್ಗೆ ದಿನಾ ಸ್ನಾನ ಮಾಡಿ ಲಿಂಗಪೂಜೆ ಮುಗಿಸಿ ಕೆಳಗಿಳಿಯುವುದನ್ನು ಒಂದು ವಾರ ನೋಡಿ, "ನಿಮಗೆ ಚರ್ಮದ ಕಾಯಿಲೆ ಏನಾದರೂ ಇದೆಯೇ?" ಎಂದು ಗುಟ್ಟಾಗಿ ಕೇಳಿದಳು. ಇಲ್ಲ ಎಂದೆ. "ಮತ್ತೆ ದಿನಾ ತೊಳೆಯುವಷ್ಟು ಏನು ಕೊಳೆ?" ಎಂದಳು. ಅವರು ಶನಿವಾರ ಮಾತ್ರ ಸ್ನಾನ ಮಾಡುವವರು. ಶನಿವಾರ ಅವಳ ಸರದಿ ತಪ್ಪದ ಹಾಗೆ ನಾನು ಬೇಗ ಎದ್ದು ತಣ್ಣೀರೇ ಸುರಿದುಕೊಳ್ಳುತ್ತಿದ್ದೆ. ನಮ್ಮ ಊರಿನ ಬಾವಿ ನೀರು ನೆನಪಾಗಿ ಹಲ್ಲು ಕಟಕಟ ಎನ್ನುತ್ತಿದ್ದಂತೆಯೇ ಅಳುವೂ ಬರುತ್ತಿತ್ತು.

ಬಸ್ಸಿಗೆ ಸಾಲಲ್ಲಿ ನಿಲ್ಲುವುದನ್ನು ನೋಡಿ ಎಲ್ಲರ ಹಾಗೆ ನಾನೂ ಬೆರಗಾದೆ. ಒಬ್ಬನೇ ಇದ್ದರೂ ಸಾಲಿನ ಮೊದಲಿಗನ ಹಾಗೆ ನಿಲ್ಲುತ್ತಾರೆ. ನಮ್ಮಲ್ಲಿ ಗೋರಂಟ್ಲ ಸಂತೆಯ ಬಸ್ಸಿಗೆ ಹೀಗೆ ನಿಂತರೆ ಮುಂದಿನ ಸಂತೆಯ ತನಕ ನಿಂತೇ ಇರಬೇಕು.

ಕ್ಲಾಸಿನಲ್ಲಿ ನಾವು ಹೊಸ ದೇಶಗಳ ನೌಕರರು ಹತ್ತು ಹನ್ನೆರಡು ಜನ. ನಮ್ಮ ಪ್ರೊಫೆಸರು ತೆಳ್ಳಗೆ, ಕೋಟಿನ ಮೇಲೆ ಯಾವಾಗಲೂ ಸೀಮೆಸುಣ್ಣ. ಬೋರ್ಡಿನ ಮೇಲೆ ನಾಲ್ಕು ಚೌಕದ ಮನೆ ಬರೆದರು. ತೊಂದರೆ ಏನು, ದಾರಿಗಳು ಎಷ್ಟು, ಒಂದೊಂದು ದಾರಿಯಿಂದ ಆಗುವುದೇನು, ಯಾವುದು ಮೇಲು. "ಸರ್ಕಾರ ನಡೆಸುವವನಿಗೆ ಅಭಿಪ್ರಾಯ ಇರಬಾರದು. ಮುಂದಿರುವ ಕಾಗದ ತೀರ್ಮಾನ ಮಾಡಬೇಕು, ಮನುಷ್ಯನಲ್ಲ" ಎಂದರು. ನಾನು ಅದನ್ನು ಎರಡು ಗೆರೆ ಎಳೆದು ಬರೆದುಕೊಂಡೆ. ನಮ್ಮಲ್ಲಿ ಯಾರ ಹೊಲದಲ್ಲಿ ಕಟ್ಟಡ ಏಳಬೇಕು ಎನ್ನುವುದನ್ನು ಯಾರ ಅಳಿಯ ಯಾರು ಎಂದು ನೋಡಿ ತೀರ್ಮಾನಿಸುತ್ತಾರೆ. ಕಾಗದವೇ ಆಳಿದರೆ ಎಷ್ಟು ಚೆನ್ನ ಅನಿಸಿತ್ತು.

ಅವರು ನಮ್ಮ ನಮ್ಮ ವರದಿಗಳನ್ನು ಓದಿ ಬಂದಿದ್ದರು. ಒಂದು ದಿನ ನನ್ನದನ್ನು ಎತ್ತಿ ಹಿಡಿದು, ಒಂದು ಸಣ್ಣ ಜಾಗದ ಸಣ್ಣ ತೀರ್ಮಾನವನ್ನು ಹೀಗೆ ಸ್ವಚ್ಛವಾಗಿ ಮಾಡಬೇಕು ಎಂದರು. ಡಿಸೆಂಬರಿನಲ್ಲಿ ಕೋರ್ಸು ಮುಗಿಯುವ ದಿನ ಎಲ್ಲರ ಮುಂದೆ ನಾನೇ ಅದನ್ನು ಓದಬೇಕೆಂದೂ ಹೇಳಿದರು. ಆ ದಿನ ಅಪ್ಪನಿಗೆ ನಾಲ್ಕು ಪುಟದ ಕಾಗದ ಬರೆದೆ.

ಮೀನಿನ ಊರು

ಅಕ್ಟೋಬರಿನಲ್ಲಿ ನಮ್ಮನ್ನು ಒಬ್ಬೊಬ್ಬರನ್ನೂ ಒಂದೊಂದು ಕಡೆಯ ಆಫೀಸಿಗೆ ಹಾಕಿದರು. ನನಗೆ ಸಿಕ್ಕಿದ್ದು ಸ್ಕಾಟ್ಲೆಂಡಿನ ಬಡಗಣ ಕಡಲ ದಂಡೆಯ ಒಂದು ಊರು. ಗಾಳಿ ಅಂದರೆ ಗಾಳಿ, ನನ್ನ ಕೊಡೆ ಮೊದಲ ದಿನವೇ ಹಿಂದುಮುಂದಾಗಿ ಕಡಲ ಪಾಲಾಯಿತು. ಊರೆಲ್ಲ ಮೀನಿನ ವಾಸನೆ. ಮೂಗು ಮುಚ್ಚಿಕೊಂಡರೆ ಅವರಿಗೆ ಅವಮಾನ, ಮುಚ್ಚದಿದ್ದರೆ ನನಗೆ ಹೊಟ್ಟೆ ತೊಳಸು. ಕರವಸ್ತ್ರ ಹಿಡಿದು ನೆಗಡಿಯ ನಾಟಕ ಆಡಿದೆ. ನಾಟಕ ಎಷ್ಟು ಚೆನ್ನಾಗಿತ್ತೆಂದರೆ ಆಫೀಸಿನವರು ಮೀನೆಣ್ಣೆಯ ಸೀಸೆ ತಂದುಕೊಟ್ಟರು.

ಅಲ್ಲಿನ ಗುಮಾಸ್ತೆ ಮಿಸ್ ಗ್ರಾಂಟ್, ನಮ್ಮ ಅತ್ತೆಯ ವಯಸ್ಸಿನ ಹೆಂಗಸು, ಮಾತು ಬಹಳ ಕಮ್ಮಿ. ಅಲ್ಲಿಯೂ ಆಗ ಇದೇ ಸಂಗತಿ ನಡೆಯುತ್ತಿತ್ತು ಎಂದರೆ ನಂಬಬೇಕು. ಮನೆ ಮನೆಗೆ ಹೋಗುವ ನರ್ಸನ್ನು ಕಡಲ ಊರಿನಲ್ಲಿ ಇರಿಸಬೇಕೋ, ಒಳನಾಡಿನ ರೈತರ ಊರಿನಲ್ಲಿ ಇರಿಸಬೇಕೋ ಎಂದು ಕಾಗದಗಳು ಓಡಾಡುತ್ತಿದ್ದವು. ನನಗೆ ಹುರುಪು ಬಂತು. ನಾನೇ ಬೀದಿ ಸುತ್ತಿ ಎಣಿಸಿಕೊಡುತ್ತೇನೆ ಎಂದು ಹೊರಟೆ. ಕಡಲ ಊರಿನ ಬೀದಿ ಬೀದಿಯಲ್ಲಿ ಕಿಟಕಿಯ ಪರದೆ ಎಳೆದಿತ್ತು, ಬಾಗಿಲು ಬಡಿದರೆ ಉತ್ತರವಿಲ್ಲ. ಸಂಜೆ ಬಂದು, "ಇಲ್ಲಿ ಬಹಳ ಮನೆಗಳು ಖಾಲಿ ಇವೆ" ಎಂದು ಪಟ್ಟಿ ಕೊಟ್ಟೆ.

ಮಿಸ್ ಗ್ರಾಂಟ್ ಪಟ್ಟಿಯನ್ನು ನೋಡಲೇ ಇಲ್ಲ. "ಒಂದು ಮನೆಯೂ ಖಾಲಿ ಇಲ್ಲ" ಎಂದಳು. "ಮೀನಿನ ಗುಂಪು ಈಗ ತೆಂಕಣಕ್ಕೆ ಹೋಗಿದೆ. ದೋಣಿಗಳು ಅದರ ಹಿಂದೆ. ಮೀನು ಸೀಳಿ ಉಪ್ಪು ಹಾಕಲು ಹೆಂಗಸರು ದೋಣಿಗಳ ಹಿಂದೆ. ಬೀಗದ ಕೈ ಪಕ್ಕದ ಮನೆಯಲ್ಲಿರುತ್ತದೆ. ನಾವು ಅಕ್ಟೋಬರಿನಲ್ಲಿ ಏನನ್ನೂ ಎಣಿಸುವುದಿಲ್ಲ. ದೋಣಿ ಬರುವ ತನಕ ಆ ಕಾಗದ ಹಾಗೇ ಕಾಯುತ್ತದೆ."

ನನ್ನ ಮರ್ಯಾದೆ ಉಳಿಸಿಕೊಳ್ಳಲು ನನ್ನ ಹೆಸರಾಂತ ವರದಿಯನ್ನು ಚೀಲದಿಂದ ತೆಗೆದು ಅವಳ ಮುಂದಿಟ್ಟೆ. ಅವಳು ನಿಧಾನವಾಗಿ ಓದಿದಳು. ಹಟ್ಟಿಯ ಜನ ಏನು ಕೆಲಸ ಮಾಡುತ್ತಾರೆ ಎಂದು ಕೇಳಿದಳು. ಕುರಿ ಎಂದೆ.

"ಯಾವ ತಿಂಗಳಲ್ಲಿ ಎಣಿಸಿದಿರಿ?"

"ಮಾರ್ಚ್."

"ಮಾರ್ಚಿನಲ್ಲಿ ಕುರಿಗಳು ಎಲ್ಲಿರುತ್ತವೆ?"

ಕಟಾವು ಮುಗಿದ ಮೇಲೆ ನಮ್ಮ ಬರಡು ಕಡೆಯಿಂದ ಕುರಿಗಳನ್ನು ಹೊಡೆದುಕೊಂಡು ನೀರಾವರಿ ಸೀಮೆಗೆ ಹೋಗುತ್ತಾರೆ, ಗೊಬ್ಬರಕ್ಕೆಂದು ಗದ್ದೆಗಳಲ್ಲಿ ಮಂದೆ ಬಿಡುತ್ತಾರೆ, ಮುಂಗಾರಿಗೆ ಹಿಂದಿರುಗುತ್ತಾರೆ. ಇದು ನಮ್ಮ ತಾಲೂಕಿನ ಮಕ್ಕಳಿಗೂ ಗೊತ್ತು. ನನಗೂ ಗೊತ್ತಿತ್ತು. ಗೊತ್ತಿದ್ದೂ ಮುಳ್ಳು ಕಟ್ಟಿದ ಬಾಗಿಲ ಮುಂದೆ ನಿಂತು 'ವಾಸವಿಲ್ಲ' ಎಂದು ಬರೆದಿದ್ದೆ. ಥೂ ನನ್ನ! ನಮ್ಮ ಹಟ್ಟಿಯ ವಾಸನೆ ತಿಳಿಯದ ಒಬ್ಬ ಹೆಂಗಸು ಕಡಲಾಚೆಯ ಮೇಜಿನ ಮೇಲಿಂದ ನನ್ನ ತಾಲೂಕನ್ನು ನನಗೆ ಹೇಳಿಕೊಟ್ಟಳು.

ಅವಳು ಬೈಯಲಿಲ್ಲ. "ಕಟ್ಟಡ ಎದ್ದಿದೆಯೇ?" ಎಂದಳು. ಇನ್ನೂ ಇಲ್ಲ, ದೀಪಾವಳಿ ಕಳೆದು ನರ್ಸನ್ನು ಹಾಕುತ್ತಾರೆ ಎಂದೆ. "ಹಾಗಾದರೆ ಒಳ್ಳೆಯದು, ಕಾಗದ ಬರೆಯಿರಿ" ಎಂದು ಒಂದು ಏರ್ ಲೆಟರ್ ತೆಗೆದು ಕೊಟ್ಟು, ಟೀ ತರಲು ಎದ್ದು ಹೋದಳು. ಅವಳಿಗೆ ಅದು ಅಷ್ಟು ಸುಲಭದ ವಿಷಯ.

ಬಿಡಾರಕ್ಕೆ ಹೋಗಿ ಬರೆಯಲು ಕೂತೆ. 'ಮಾನ್ಯರೇ, ಕೇಂದ್ರದ ವಿಷಯದಲ್ಲಿ ನನ್ನ ಎಣಿಕೆ' ಎಂಬಲ್ಲಿಗೆ ಪೆನ್ನು ನಿಂತಿತು. ಡಿಸೆಂಬರಿನಲ್ಲಿ ಎಲ್ಲರ ಮುಂದೆ ಓದಬೇಕಾದ್ದು ಇದೇ ವರದಿ. ಇದು ತಪ್ಪೆಂದು ನಮ್ಮ ಬ್ಲಾಕಿನ ಮೇಲಧಿಕಾರಿ ಬಿ.ಡಿ.ಓ. ಸಾಹೇಬರಿಗೆ ತಿಳಿದರೆ ಜಿಲ್ಲೆಗೆ ತಿಳಿಯುತ್ತದೆ, ರಾಜಧಾನಿಗೆ ತಿಳಿಯುತ್ತದೆ, ನಡುವಿನಿಂದಲೇ ನನ್ನನ್ನು ವಾಪಸು ಕರೆಸಿಕೊಂಡರೆ? ಮಂಡಿ ಬೀದಿಯಲ್ಲಿ ಅಪ್ಪ ಹೇಗೆ ನಡೆಯಬೇಕು? ಇಲ್ಲಿಂದ ಹೋದ ಮೇಲೆ ಬಾಯಲ್ಲೇ ಹೇಳಿದರಾಯಿತು, ಅಷ್ಟರಲ್ಲಿ ಏನು ಮುಳುಗುತ್ತದೆ ಅಂದುಕೊಂಡೆ. ಏರ್ ಲೆಟರನ್ನು ಹರಿದು ಒಲೆಗೆ ಹಾಕಿದೆ. ಬದಲಿಗೆ ಬಂದರಿನ ಚಿತ್ರವಿದ್ದ ಒಂದು ಕಾರ್ಡು ಕೊಂಡು ಸಾಹೇಬರಿಗೆ 'ಇಲ್ಲಿ ಎಲ್ಲ ಕ್ಷೇಮ, ದಿನವೂ ಹೊಸದು ಕಲಿಯುತ್ತಿದ್ದೇನೆ' ಎಂದು ಬರೆದು ಹಾಕಿದೆ.

ಬರೆದಾಯಿತೇ ಎಂದು ಮಿಸ್ ಗ್ರಾಂಟ್ ಮಾರನೆಯ ದಿನ ಕೇಳಿದಳು. ಆಯಿತು ಎಂದೆ. ಅವಳಿಗೆ ಸಮಾಧಾನವಾಯಿತು. ನನ್ನ ಟೀಗೆ ಒಂದು ಸಕ್ಕರೆ ಗಡ್ಡೆ ಹೆಚ್ಚಾಗಿ ಹಾಕಿದಳು.

ಮತ್ತೆ ಲಂಡನ್

ಡಿಸೆಂಬರಿನಲ್ಲಿ ವರದಿ ಓದಿದೆ. ಸಾಕು, ಅದರ ಬಗ್ಗೆ ಇನ್ನೇನು ಹೇಳಲಿ. ಚಪ್ಪಾಳೆ ತಟ್ಟಿದರು. ನನಗೆ ನಾಚಿಕೆಯಾಯಿತು ಎಂದು ಬರೆದರೆ ನಾನು ದೊಡ್ಡವನಾಗುತ್ತೇನೆ. ನಿಜ ಹೇಳಬೇಕೆಂದರೆ, ಓದುತ್ತಿರುವಾಗ ಖುಷಿಯೇ ಆಯಿತು. ನಾಚಿಕೆ ಬಂದದ್ದು ಮನೆಗೆ ಬಂದು ಕೋಟು ಬಿಚ್ಚಿದ ಮೇಲೆ. ವಿಧವೆ ನನಗಾಗಿ ಮೊಟ್ಟೆ ಹಾಕದ ಕೇಕು ಮಾಡಿದ್ದಳು. ಕಲ್ಲಿನ ಹಾಗಿತ್ತು. ಇಬ್ಬರೂ ಅದನ್ನು ಟೀಯಲ್ಲಿ ಅದ್ದಿ ಅದ್ದಿ ತಿಂದೆವು.

ಕಲ್ಯಾಣದುರ್ಗ

ಫೆಬ್ರವರಿಯಲ್ಲಿ ಊರು ಮುಟ್ಟಿದೆ. ಹಿಂದೂಪುರದಲ್ಲಿ ಹಾರ ಹಾಕಿದರು. ಹೈಸ್ಕೂಲಿನಲ್ಲಿ ಭಾಷಣ ಮಾಡಿಸಿದರು. ತೊಂದರೆ ಏನು, ದಾರಿಗಳು ಎಷ್ಟು, ಒಂದೊಂದರಿಂದ ಆಗುವುದೇನು, ಯಾವುದು ಮೇಲು ಎಂದು ನಾನೂ ಬೋರ್ಡಿನ ಮೇಲೆ ನಾಲ್ಕು ಮನೆ ಬರೆದೆ.

ಕಲ್ಯಾಣದುರ್ಗಕ್ಕೆ ಹೋದ ದಿನವೇ ಸಾಹೇಬರ ಮುಂದೆ ನಿಂತೆ. ಅವರು ಕರಾವಳಿಯ ತೆಲುಗರು, ನಮ್ಮ ಜೊತೆ ಎರಡೂ ಭಾಷೆ ಕಲಸಿ ಮಾತಾಡುತ್ತಿದ್ದರು.

"ರಾವಯ್ಯಾ, ರಾ, ಬಾ ಒಳಗೆ! ಸೀಮೆ ನೀರು ಕುಡಿದು ಬೆಳ್ಳಗಾಗಿದ್ದೀಯಲ್ಲಯ್ಯಾ!"

"ಸಾರ್, ಹೆರಿಗೆ ಕೇಂದ್ರದ ನನ್ನ ವರದಿ ತಪ್ಪು ಸಾರ್. ಹಟ್ಟಿಯವರು ಕುರಿ ಹಿಂದೆ ಹೋಗಿದ್ದಾಗ ಎಣಿಸಿಬಿಟ್ಟೆ. ರೋಡಿನ ಊರಿಗಿಂತ ಅಲ್ಲೇ ಜನ ಜಾಸ್ತಿ."

ಅವರು ಕನ್ನಡಕ ತೆಗೆದು ಒರೆಸಿದರು. "ಅದೇಮಯ್ಯಾ! ಆ ವರದಿ ಮೇಲೆ ತಾನೆ ನಿನ್ನನ್ನ ಕಳ್ಸಿದ್ದು? ಅದು ತಪ್ಪು ಅಂದ್ರೆ ನಿನ್ನ ಕಳ್ಸಿದ್ದೂ ತಪ್ಪು, ಕಳ್ಸಿದ ನಾನೂ ತಪ್ಪು."

"ಬರೆದುಕೊಡುತ್ತೇನೆ ಸಾರ್. ನನ್ನದೇ ತಪ್ಪು ಅಂತ."

"ಬರಿ, ಬರಿ. ವದ್ದು, ಬೇಡ ಅನ್ನಲ್ಲ ನಾನು" ಎಂದು ಕಾಗದ ಮುಂದಕ್ಕೆ ತಳ್ಳಿದರು. "ಆದ್ರೆ ನರ್ಸು ದೀಪಾವಳಿ ಆದ ಮೇಲೆ ರೋಡಿನ ಊರಿಗೆ ಬಂದಾಯ್ತು, ಬಾಡಿಗೆ ಮನೇಲಿ ಅವ್ಳೆ. ಕಟ್ಟಡದ ಗೋಡೆ ಎದೆಮಟ್ಟ ಎದ್ದಿದೆ. ಈಗ ಗೋಡೆ ಕಿತ್ಕೊಂಡು ಹಳ್ಳ ದಾಟ್ಲಾ?"

ಬರೆದು ಕೊಟ್ಟೆ. ಅವರು ಅದರ ಅಂಚಿನಲ್ಲಿ 'ನೋಡಿದೆ. ವರದಿಯಲ್ಲಿ ತಪ್ಪಿದೆ. ತೀರ್ಮಾನದಲ್ಲಿ ಬದಲಾವಣೆ ಅನಗತ್ಯ. ಫೈಲ್ ಮಾಡಿ' ಎಂದು ಬರೆದು ರುಜು ಹಾಕಿದರು. ನನಗೆ ಶಿಕ್ಷೆಯೂ ಇಲ್ಲ, ಬೈಗುಳವೂ ಇಲ್ಲ. ಅಲ್ಲಿಂದ ಒಂದು ಕಾಗದ ಬರೆದಿದ್ದರೂ ಇದೇ ಆಗುತ್ತಿತ್ತೇನೋ. ಆಗುತ್ತಿರಲಿಲ್ಲವೇನೋ. ಅಕ್ಟೋಬರಿನಲ್ಲಿ ಗೋಡೆ ಇರಲಿಲ್ಲ, ನರ್ಸಮ್ಮ ಬಂದಿರಲಿಲ್ಲ, ಸಾಹೇಬರ ಕೈಯಲ್ಲಿ ಇನ್ನೂ ಪೆನ್ನಿತ್ತು. ಕೆಟ್ಟ ಮೇಲೆ ಬುದ್ಧಿ ಬಂತು, ಅಟ್ಟ ಮೇಲೆ ಒಲೆ ಉರಿಯಿತು ಅನ್ನುತ್ತಾರಲ್ಲ, ಆ ಗಾದೆಯೂ ನನಗೆ ಹೊಂದುವುದಿಲ್ಲ. ಬುದ್ಧಿ ಹೊತ್ತಿಗೆ ಸರಿಯಾಗಿಯೇ ಬಂದಿತ್ತು.

ಹಟ್ಟಿ

ಕಂಬದೂರಿನಲ್ಲಿ ಬಸ್ಸಿಳಿದು ಬಾಡಿಗೆ ಸೈಕಲ್ಲಿನಲ್ಲಿ ಹೋದೆ. ಹಳ್ಳದ ಮರಳಲ್ಲಿ ಸೈಕಲ್ಲನ್ನು ಹೊತ್ತೇ ದಾಟಿದೆ. ಹಟ್ಟಿಯಲ್ಲಿ ಆಗಲೇ ಮುಳ್ಳು ಕಟ್ಟಿಯಾಗಿತ್ತು. ಕೆಂಚಮ್ಮ ಜಗಲಿಯ ಮೇಲಿದ್ದಳು.

"ಓ, ಲೆಕ್ಕದ ಸಾಮಿ! ಈ ಸಲಾನೂ ಜನ ಇಲ್ದಾಗ್ಲೇ ಬಂದ್ಬುಟ್ಟಲ್ಲೋ" ಎಂದು ಬೊಚ್ಚು ಬಾಯಿ ಬಿಟ್ಟು ನಕ್ಕಳು. "ಹಾಳೂರಿಗೆ ಉಳಿದೋನೇ ಗೌಡ ಅಂತಾರೆ ನೋಡು, ಈಗ ನಾನೇ ಇಲ್ಲಿ ಗೌಡ. ಏನ್ ಬರ್ಕಂತೀಯೋ ಬರ್ಕ."

"ಬರ್ಕೊಳ್ಳೋಕೆ ಬಂದಿಲ್ಲ ಕಣಮ್ಮ. ಹೋದ ಸಲ ತಪ್ಪು ಬರೆದೆ. ಕುರಿ ಹಿಂದೆ ಹೋದವರನ್ನ ಬರೀಲಿಲ್ಲ. ನರ್ಸಮ್ಮ ಇಲ್ಲಿಗೆ ಬರಬೇಕಾಗಿತ್ತು. ಅದನ್ನ ಹೇಳೋಣ ಅಂತ ಬಂದೆ."

ಅವಳ ಕೈಯ ಕದಿರು ನಿಂತಿತು. ಆಮೇಲೆ ಬೇರೆ ಯಾರದೋ ಮನೆಯ ಸಂಗತಿಯೆನ್ನುವ ಹಾಗೆ ಹೇಳಿದಳು.

"ನಮ್ಮ ಸೊಸೆ ತುಂಬಿದ ಬಸುರಿ. ಅವರೆಕಾಯಿ ದಿನ, ಎಲ್ಲಾ ಊರಾಗೇ ಇದ್ವು ಕಣಪ್ಪ. ಮಗ ಅಡ್ಡ ತಿರುಗೈತೆ, ನನ್ ಕೈಲಾಗಲ್ಲ ಅಂದ್ಬುಟ್ಲು ಸೂಲಗಿತ್ತಿ. ಗಾಡಿ ಕಟ್ಕಂಡು ನರ್ಸಮ್ಮನ ತಾವ್ಕೆ ಹೊಂಟ್ವಿ. ಹಳ್ಳದ ಹಸಿ ಮರಳಾಗೆ ಗಾಲಿ ಹೂತ್ಕಂತು. ಎತ್ತು ಏನ್ ಮಾಡ್ತಾವೆ ಪಾಪ. ಗಾಡೀಲೇ ಆತು. ಗಂಡು ಮಗ. ಅಳ್ಳೇ ಇಲ್ಲ."

"ಸೊಸೆ?"

"ಅವ್ಳು ಉಳಕಂಡ್ಲು, ಎಲ್ಲಮ್ಮನ ದಯ. ಎದ್ದು ಕುರಿ ಹಿಂದೆ ಹೋದ್ಲು. ಮನೇಗಿರು ಅಂದ್ರೆ, ಇಲ್ಲಿದ್ರೆ ಅದೇ ಗ್ಯಾನ ಬತ್ತದೆ ಅತ್ತೆ ಅಂದ್ಲು."

ಅವರೆಕಾಯಿ ಕಾಲ ಅಂದರೆ ಡಿಸೆಂಬರ್. ನಾನು ಬೋರ್ಡಿನ ಪಕ್ಕ ನಿಂತು ವರದಿ ಓದಿದ ತಿಂಗಳು. ನನ್ನಿಂದ ತಪ್ಪಾಯಿತು ಎಂದು ಎರಡು ಸಲ ಹೇಳಿದೆ.

ಕೆಂಚಮ್ಮ ನನ್ನ ಮುಖವನ್ನೇ ನೋಡುತ್ತಿದ್ದಳು. ಸಾಹೇಬರು ಕೇಳದಿದ್ದುದನ್ನು ಅವಳು ಕೇಳಿದಳು.

"ತಪ್ಪಾಗೈತೆ ಅಂತ ನಿಂಗೆ ಯಾವಾಗ ಗೊತ್ತಾತು ಕಣಪ್ಪ?"

"ಬಂದ ಮೇಲೆ" ಅಂದೆ. "ಮೊನ್ನೆ. ಸೀಮೆಯಿಂದ ಬಂದ ಮೇಲೆ."

ಅವಳು ತಲೆಯಾಡಿಸಿದಳು. ಎದ್ದು ಒಳಗೆ ಹೋಗಿ ಒಂದು ಚೊಂಬು ನೀರು, ಒಂದು ಚೂರು ಬೆಲ್ಲ ತಂದು ನನ್ನ ಮುಂದಿಟ್ಟು ಬೆನ್ನು ಸವರಿದಳು.

"ಹಂಗಾರೆ ನಿಂದೇನು ತಪ್ಪು ಬುಡು ಮಗ. ಮೊದ್ಲೇ ಗೊತ್ತಿದ್ರೆ ಸುಮ್ಕಿರ್ತಿದ್ದಾ ನೀನು?"

"ಇಲ್ಲ ಕಣಮ್ಮ" ಅಂದೆ.